ಮೇಡಂ, ಇವರು ಈಗ ಯಾರು?

ಸೆಟ್ಟಿನಲ್ಲಿ ಪ್ರಾಂಪ್ಟಿಂಗ್ ಮಾಡುವ ಹುಡುಗ ಹಾಳೆ ಹಿಡಿದುಕೊಂಡು ಬಂದು ಕೇಳಿದ: "ಮೇಡಂ, ಇವರು ಈಗ ಯಾರು?"

ಹಾಳೆಯಲ್ಲಿ ನಾನೇ ಬರೆದಿದ್ದೆ. 'ತಂಗಿ (ಅಕ್ಕನಾಗಿ) ತಂಗಿಯ ಫೋಟೋಗೆ ಹಾರ ಹಾಕುತ್ತಾಳೆ.' ಓದಿ ನನಗೇ ಒಂದು ಕ್ಷಣ ತಲೆ ತಿರುಗಿತು.

ನಾನು ಧಾರಾವಾಹಿಗಳಿಗೆ ಚಿತ್ರಕಥೆ ಬರೆಯುವವಳು. ಹನ್ನೊಂದು ವರ್ಷದಿಂದ ಇದೇ ಕೆಲಸ. ಅತ್ತೆ-ಸೊಸೆ ಬರೆದಿದ್ದೇನೆ, ದೆವ್ವ ಬರೆದಿದ್ದೇನೆ. ಕ್ರೈಂ ಬರೆದಿದ್ದು ಇದೊಂದೇ. ರಾತ್ರಿ ಹತ್ತೂವರೆಯ ಸ್ಲಾಟು. ಒಂದು ಗುರುವಾರ ಟಿಆರ್‌ಪಿ ಬಂತು, ಶುಕ್ರವಾರ ಬೆಳಗ್ಗೆ ಚಾನೆಲ್‌ನಿಂದ ಫೋನ್ ಬಂತು. "ಹೀರೋಯಿನ್‌ಗೆ ಒಬ್ಬಳು ಅವಳಿ ತಂಗಿ ಇದ್ದರೆ ಹೇಗೆ?" ನಮ್ಮಲ್ಲಿ ಸೊರಗಿದ ಕಥೆಗೆ ಮೂರು ಔಷಧಿ ಇವೆ. ಆಕ್ಸಿಡೆಂಟು, ನೆನಪು ಹೋಗುವುದು, ಅವಳಿ. ಮೊದಲೆರಡನ್ನು ಆಗಲೇ ಕುಡಿಸಿಯಾಗಿತ್ತು.

ಕಥೆ ಹೀಗೆ. ಅಕ್ಕ ಹಾಸನದಲ್ಲಿ ಒಂದು ಪತ್ತಿನ ಸಹಕಾರ ಸಂಘದ ಕ್ಯಾಷಿಯರ್. ತಂಗಿಯನ್ನು ಒಂಬತ್ತನೇ ವಯಸ್ಸಿಗೇ ಧಾರವಾಡದ ಚಿಕ್ಕಮ್ಮನ ಮನೆಗೆ ಕಳಿಸಿದ್ದರು. ದೊಡ್ಡವಳಾದ ಮೇಲೆ ತಂಗಿ ಸಾಲ ಮಾಡಿಕೊಂಡು, ತಲೆ ತಪ್ಪಿಸಿಕೊಂಡು ಹಾಸನಕ್ಕೆ ಬರುತ್ತಾಳೆ. ಒಂದು ರಾತ್ರಿ ಇಬ್ಬರಲ್ಲಿ ಒಬ್ಬಳು ಕೆರೆಯಲ್ಲಿ ಹೆಣವಾಗುತ್ತಾಳೆ. ಸತ್ತವಳು ತಂಗಿ ಅಂತ ಊರು ನಂಬುತ್ತದೆ. ಸತ್ತಿದ್ದು ಅಕ್ಕ. ಮರುದಿನದಿಂದ ಅಕ್ಕನ ಸೀರೆ ಉಟ್ಟು, ಅಕ್ಕನ ಕುರ್ಚಿಯಲ್ಲಿ ಕೂತು ನೋಟು ಎಣಿಸುವವಳು ತಂಗಿ.

ಮೊದಲ ಬರವಣಿಗೆಯಲ್ಲಿ ನನ್ನ ಇನ್‌ಸ್ಪೆಕ್ಟರ್ ಭಾರೀ ಬುದ್ಧಿವಂತ. ಬಾಚಣಿಗೆಯಿಂದ ಕೂದಲು ತೆಗೆದು ಮಡಿವಾಳದ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಕಳಿಸುತ್ತಾನೆ. ಡಿಎನ್‌ಎ ರಿಪೋರ್ಟು ಬರುತ್ತದೆ. ಗುಟ್ಟು ರಟ್ಟಾಗುತ್ತದೆ. ಮೂರು ವಾರದ ಸಂಚಿಕೆಗಳು ಈ ರಿಪೋರ್ಟಿನ ಮೇಲೇ ನಿಂತಿದ್ದವು.

ನಮ್ಮ ಬೀದಿಯಲ್ಲಿ ಒಬ್ಬರು ಹಿರಿಯರಿದ್ದಾರೆ. ಪೊಲೀಸ್ ಇಲಾಖೆಯ ಬೆರಳಚ್ಚು ವಿಭಾಗದಲ್ಲಿದ್ದು ನಿವೃತ್ತರಾದವರು. ಬೆಳಗ್ಗೆ ಹಾಲು ತರಲು ಹೋದಾಗ ಅವರಿಗೆ ಕಥೆ ಹೇಳಿದೆ. ಹಾಲಿನ ಪ್ಯಾಕೆಟ್ ಹಿಡಿದುಕೊಂಡೇ ನಕ್ಕರು.

"ಏನಮ್ಮ, ತದ್ರೂಪಿ ಅವಳಿ ಅಂತೀಯ, ಡಿಎನ್‌ಎ ಅಂತೀಯ. ಇಬ್ಬರದೂ ಒಂದೇ ಅಲ್ವಾ?"

ಅಲ್ವಾ ಮತ್ತೆ! ಒಂದೇ ಮೊಟ್ಟೆ ಎರಡಾಗಿ ಹುಟ್ಟಿದವರು. ಪೊಲೀಸ್ ಕೇಸುಗಳಲ್ಲಿ ಮಾಮೂಲಿಯಾಗಿ ಮಾಡುವ ಪರೀಕ್ಷೆ ಡಿಎನ್‌ಎಯ 20ರ ಆಸುಪಾಸು ಜಾಗಗಳನ್ನಷ್ಟೇ ನೋಡುತ್ತದೆ. ಅಲ್ಲಿ ಅಕ್ಕ-ತಂಗಿ ಒಬ್ಬರೇ. ಮನೆಗೆ ಬಂದು ಓದುತ್ತಾ ಕೂತರೆ ನಿಜ ನನ್ನ ಕಥೆಗಿಂತ ಚೆನ್ನಾಗಿತ್ತು. 2009ರ ಜನವರಿಯಲ್ಲಿ ಬರ್ಲಿನ್‌ನ ಕಾಡೆವೆ ಎಂಬ ದೊಡ್ಡ ಅಂಗಡಿಗೆ ಕಳ್ಳರು ನುಗ್ಗಿ ಒಡವೆ ದೋಚಿದರು. ಬಿಟ್ಟುಹೋದ ಒಂದು ಕೈಗವಸಿನಲ್ಲಿ ಬೆವರು ಸಿಕ್ಕಿತು. ಅದರ ಡಿಎನ್‌ಎ ತಾಳೆಯಾಗಿದ್ದು ಒಬ್ಬನಿಗಲ್ಲ, ಅವಳಿ ಅಣ್ಣ-ತಮ್ಮ ಇಬ್ಬರಿಗೂ. ಯಾರು ಅಂತ ಹೇಳಲಾಗದೆ ಇಬ್ಬರನ್ನೂ ಬಿಟ್ಟರು. ಅದೇ ವರ್ಷ ಮಲೇಷ್ಯಾದಲ್ಲಿ ಮಾದಕ ವಸ್ತು ಸಾಗಿಸಿದ ಕೇಸಿನಲ್ಲಿ ಅವಳಿಗಳಿಬ್ಬರು ಗಲ್ಲಿನಿಂದ ಪಾರಾದರು. ಇಬ್ಬರಲ್ಲಿ ಕಾರು ಓಡಿಸಿದವನು ಯಾರೆಂದು ಕೋರ್ಟಿಗೆ ಖಾತ್ರಿಯಾಗಲಿಲ್ಲ. ಅವಳಿಗಳ ಡಿಎನ್‌ಎಯಲ್ಲಿ ವ್ಯತ್ಯಾಸ ಇಲ್ಲವೇ ಇಲ್ಲ ಅಂತಲ್ಲ. 2021ರಲ್ಲಿ ಐಸ್‌ಲ್ಯಾಂಡಿನ ಸಂಶೋಧಕರು ಸರಾಸರಿ 5.2 ಬದಲಾವಣೆ ಸಿಗುತ್ತವೆ ಅಂತ ತೋರಿಸಿದರು. ಆದರೆ ಅದಕ್ಕೆ ಇಡೀ ಜೀನೋಮನ್ನೇ, ಅಂದರೆ ಡಿಎನ್‌ಎಯನ್ನು ತುದಿಯಿಂದ ತುದಿಯವರೆಗೆ, ಜಾಲಾಡಬೇಕು. ಹಾಸನದ ಒಬ್ಬ ಇನ್‌ಸ್ಪೆಕ್ಟರ್ ಸುಮ್ನೆ ಅನುಮಾನ ಬಂತು ಅಂತ ಅದನ್ನು ಮಾಡಿಸುವುದಿಲ್ಲ.

ಹಿರಿಯರು ಇನ್ನೊಂದು ಮಾತು ಸೇರಿಸಿದ್ದರು. "ಬೆರಳಚ್ಚು ಬೇರೆ ಬೇರೆ ಇರುತ್ತೆ ಕಣಮ್ಮ. ಎರಡು ನಿಮಿಷದ ಕೆಲಸ." ಬೆರಳಿನ ಗೆರೆಗಳು ಹೊಟ್ಟೆಯೊಳಗೇ ಮೂರನೇ ತಿಂಗಳ ಹೊತ್ತಿಗೆ ಮೂಡಲು ಶುರುವಾಗಿ ಐದನೇ ತಿಂಗಳೊಳಗೆ ಮುಗಿಯುತ್ತವಂತೆ. ಮಗು ಎಲ್ಲಿ ಒತ್ತಿತು, ಹೇಗೆ ಹೊರಳಿತು ಅನ್ನುವುದರ ಮೇಲೂ ಅವು ಹೋಗುತ್ತವೆ. ಒಂದೇ ಹೊಟ್ಟೆ, ಆದರೆ ಮಲಗಿದ ಜಾಗ ಬೇರೆ.

ಅಂದರೆ ನನ್ನ ಕಥೆ ಒಂದು ಕಡೆ ಮೂರು ವಾರವಾದರೂ ಮುಗಿಯುವುದಿಲ್ಲ, ಇನ್ನೊಂದು ಕಡೆ ಎರಡೇ ನಿಮಿಷಕ್ಕೆ ಮುಗಿಯುತ್ತದೆ. ಎರಡು ದಿನ ಒಂದಕ್ಷರ ಬರೆಯಲಿಲ್ಲ.

ದಾರಿ ಸಿಕ್ಕಿದ್ದು ರೇಷನ್ ಅಂಗಡಿಯಲ್ಲಿ. ನಮ್ಮ ಮನೆ ಕೆಲಸದವರ ಜೊತೆ ಒಮ್ಮೆ ಹೋಗಿದ್ದೆ. ಅವರ ಹೆಬ್ಬೆರಳು ಯಂತ್ರಕ್ಕೆ ತಾಗಿತು, ಕೆಂಪು ದೀಪ ಬಂತು. "ಕೈ ಒರೆಸ್ಕೊಂಡು ಇನ್ನೊಂದ್ ಸಲ ಇಡಮ್ಮ." ಮತ್ತೆ ಕೆಂಪು. ಸಾಲಿನಲ್ಲಿ ನಿಂತ ಯಾರೂ ತಲೆ ಎತ್ತಲಿಲ್ಲ. ಪಾತ್ರೆ ತಿಕ್ಕಿ, ಬಟ್ಟೆ ಒಗೆದು ಸವೆದ ಬೆರಳು. ಯಂತ್ರ ಒಪ್ಪದಿರುವುದು ದಿನಾ ಇದ್ದದ್ದೇ. ಆಗ ಹೊಳೆಯಿತು. ಬೆರಳಚ್ಚು ಎರಡು ನಿಮಿಷದ ಕೆಲಸ, ನಿಜ. ಆದರೆ ಆ ಎರಡು ನಿಮಿಷ ಯಾರು ಯಾಕೆ ಖರ್ಚು ಮಾಡುತ್ತಾರೆ? ಮನೆ ಮಗಳನ್ನು 'ನೀನು ಯಾರು' ಅಂತ ಯಾರೂ ಕೇಳುವುದಿಲ್ಲ. ಆಧಾರ್‌ನಲ್ಲಿ ಹತ್ತು ಬೆರಳು, ಎರಡು ಕಣ್ಣು ಇವೆ. ಆದರೆ ಪೊಲೀಸರು ಕೇಳಿದ ತಕ್ಷಣ ಅದನ್ನು ಎತ್ತಿ ಕೊಡುವುದಿಲ್ಲ, ಕಾನೂನೇ ಬಿಡುವುದಿಲ್ಲ. ಹಾಗಾಗಿ ನಾನು ಬರೆಯಬೇಕಿದ್ದದ್ದು ಸಾಕ್ಷಿ ಹೇಗೆ ಸಿಗುತ್ತದೆ ಅಂತಲ್ಲ. ಅನುಮಾನ ಮೊದಲು ಯಾರಿಗೆ ಬರುತ್ತದೆ ಅಂತ.

ಆ ರೇಷನ್ ಅಂಗಡಿಯನ್ನು ಹಾಗೇ ಎತ್ತಿಕೊಂಡೆ. ತಂಗಿ ಹೆಬ್ಬೆರಳು ಇಡುತ್ತಾಳೆ, ಕೆಂಪು. ಮತ್ತೆ ಇಡುತ್ತಾಳೆ, ಕೆಂಪು. ಅವಳ ಕತ್ತಿನ ಬೆವರಿನ ಮೇಲೆ ಕ್ಲೋಸ್. ಅಷ್ಟರಲ್ಲಿ ಹಿಂದಿನಿಂದ ಅಮ್ಮ ಬಂದು, ಮಾತಿಲ್ಲದೆ, ತನ್ನ ಬೆರಳು ಇಡುತ್ತಾಳೆ. ಹಸಿರು. ಕಾರ್ಡಿನಲ್ಲಿ ಹೆಸರಿರುವ ಯಾರ ಬೆರಳಾದರೂ ನಡೆಯುತ್ತದಲ್ಲ. ಹಿಂಸೆಯಿಲ್ಲ, ಕೂಗಾಟವಿಲ್ಲ. ಆ ವಾರದಲ್ಲಿ ನನಗೆ ಇಷ್ಟವಾದ ದೃಶ್ಯ ಅದೇ. ಚಾನೆಲ್‌ನವರು "ಇಲ್ಲಿ ಮ್ಯೂಸಿಕ್ ಜಾಸ್ತಿ ಬೇಕು" ಅಂದರು. ಹಾಕಿದರು.

ಈ ಅಮ್ಮ ಮೊದಲ ಬರವಣಿಗೆಯಲ್ಲಿ ಇರಲೇ ಇಲ್ಲ. ಅನುಕೂಲಕ್ಕೆ ಅಂತ ಕಥೆ ಶುರುವಾಗುವ ಮೊದಲೇ ಸಾಯಿಸಿಬಿಟ್ಟಿದ್ದೆ. ಅಮ್ಮ ಇದ್ದರೆ ಮಕ್ಕಳನ್ನು ಗುರುತು ಹಿಡಿದುಬಿಡುತ್ತಾಳಲ್ಲ, ಆ ತಲೆನೋವೇ ಬೇಡ ಅಂತ. ಹಿರಿಯರು ಕೇಳಿದ ಒಂದೇ ಪ್ರಶ್ನೆಗೆ ಅವಳನ್ನು ಬದುಕಿಸಬೇಕಾಯಿತು. "ಕೆರೆಯಲ್ಲಿ ಸಿಕ್ಕ ಹೆಣವನ್ನ ಇಂಥವಳದು ಅಂತ ಗುರುತು ಹಿಡಿದಿದ್ದು ಯಾರಮ್ಮ? ಯಾರಾದರೂ ಹೇಳಿಕೆ ಕೊಟ್ಟಿರಲೇಬೇಕು." ಶವಾಗಾರದ ಬಾಗಿಲಲ್ಲಿ ನಿಂತು ಹೇಳಿಕೆ ಕೊಡುವವರು ಹೆತ್ತವರೇ. ಅಮ್ಮ ಬಂದಳು. "ಇವಳು ನನ್ನ ಚಿಕ್ಕ ಮಗಳು" ಅಂದಳು. ಪೊಲೀಸರು ಬರೆದುಕೊಂಡರು. ಹೆತ್ತ ತಾಯಿ ಹೇಳಿದ ಮೇಲೆ ಇನ್ನೇನು?

ಸೆಕ್ಷನ್ ಬಗ್ಗೆ ಒಂದು ಮಾತು. ಇನ್‌ಸ್ಪೆಕ್ಟರ್ ಬಾಯಲ್ಲಿ ಅಭ್ಯಾಸಬಲದಿಂದ 'ಐಪಿಸಿ 419' ಅಂತ ಬರೆದಿದ್ದೆ. 2024ರ ಜುಲೈ 1ರಿಂದ ಅದು ಭಾರತೀಯ ನ್ಯಾಯ ಸಂಹಿತೆಯ 319. ಬೇರೆಯವರಂತೆ ನಟಿಸಿ ಮೋಸ ಮಾಡಿದರೆ ಮೊದಲು 3 ವರ್ಷದವರೆಗೆ ಜೈಲಿತ್ತು, ಈಗ 5. ಮೋಸದ 420 ಕೂಡ 318 ಆಗಿದೆ. ಆದರೂ ನನ್ನ ಕಾನ್‌ಸ್ಟೆಬಲ್ "ಇವಳೊಬ್ಬಳು ಫೋರ್‌ಟ್ವೆಂಟಿ" ಅಂತಲೇ ಬೈಯುತ್ತಾನೆ. "ತ್ರೀ ಏಯ್ಟೀನ್" ಅಂತ ಬೈದರೆ ಯಾರಿಗೆ ತಾಗುತ್ತದೆ?

ಇನ್ನು ಮಾತು. ಇದರಲ್ಲಿ ನಾನು ತುಂಬಾ ಹೊತ್ತು ಕಳೆದೆ. ರಾತ್ರಿ ಧಾರಾವಾಹಿಯನ್ನು ಜನ ನೋಡುವುದಕ್ಕಿಂತ ಕೇಳುವುದೇ ಜಾಸ್ತಿ. ಒಲೆ ಒರೆಸುತ್ತಾ, ಮಕ್ಕಳ ಬ್ಯಾಗ್ ಜೋಡಿಸುತ್ತಾ. ಮುಖ ಒಂದೇ ಇರುವಾಗ ಕಿವಿಗೆ ಗುರುತು ಸಿಗಬೇಕು. ಅದಕ್ಕೇ ತಂಗಿಯನ್ನು ಧಾರವಾಡಕ್ಕೆ ಕಳಿಸಿದ್ದು. ನಮ್ಮ ನಟಿಯೋ ಮೈಸೂರಿನವಳು. ಮೈಸೂರಿನವಳು ಧಾರವಾಡದವಳಾಗಬೇಕು, ಆ ಧಾರವಾಡದವಳು ಹಾಸನದವಳಂತೆ ನಟಿಸಬೇಕು, ನಟನೆಯೊಳಗಿಂದ ಆಗಾಗ ಧಾರವಾಡ ಇಣುಕಬೇಕು. ಮೊದಲ ದಿನ ಅವಳು ಎಲ್ಲ ಸಾಲಿಗೂ 'ರೀ' ಅಂಟಿಸಿದಳು. ಧಾರಾವಾಹಿಯ ಧಾರವಾಡ ಭಾಷೆ ಅಂದರೆ ಇಷ್ಟೇ ಅಂತ ನಮ್ಮೆಲ್ಲರ ತಲೆಯಲ್ಲಿ ಕೂತಿದೆ. ಧಾರವಾಡದ ಒಬ್ಬರು ರಂಗಭೂಮಿಯವರು ಬಂದು ಕೂತು ಕೇಳಿ, "ತಂಗೀ, ಮೊದಲ ಆ 'ರೀ' ತಗಿ. ಅಕ್ಕನ ಜೋಡಿ ಮಾತಾಡುವಾಗ ಯಾರರ ರೀ ಅಂತಾರೇನು?" ಅಂದರು.

ಜಾರುವ ಮಾತು ಯಾವುದಿರಬೇಕು? ಚಾನೆಲ್‌ಗೆ, ಕೈ ಸುಟ್ಟಾಗ "ಯವ್ವಾ" ಅಂತ ಕಿರುಚುವುದು ಬೇಕಿತ್ತು. ಅದನ್ನು ಎಲ್ಲರೂ ಮಾಡಿಯಾಗಿದೆ. ನಾನು ಆರಿಸಿದ್ದು 'ಅಡ್ಡಿಯಿಲ್ಲ'. ಸಂಘದ ಕೌಂಟರಿನಲ್ಲಿ ಒಬ್ಬ ಅಜ್ಜ ಬಂದು ಚಿಲ್ಲರೆ ಐದು ರೂಪಾಯಿ ಕಮ್ಮಿ ಇದೆ ಅನ್ನುತ್ತಾನೆ. ಅವಳು ತಲೆ ಎತ್ತದೆ "ಅಡ್ಡಿಯಿಲ್ಲ ಅಜ್ಜಾ" ಅನ್ನುತ್ತಾಳೆ. ಅಕ್ಕ ಯಾವಾಗಲೂ "ಪರವಾಗಿಲ್ಲ ಬಿಡಿ ತಾತ" ಅನ್ನುತ್ತಿದ್ದವಳು. ಪಕ್ಕದಲ್ಲಿ ಚಹಾ ಲೋಟ ಎತ್ತುತ್ತಿದ್ದ ಜವಾನ ಒಂದು ಕ್ಷಣ ನಿಲ್ಲುತ್ತಾನೆ. ಅಷ್ಟೇ. ಮೊದಲ ಅನುಮಾನ ಅವನದು.

ಶೂಟಿಂಗ್ ಕಡೆಗೆ ಬರುತ್ತೇನೆ. ಡಬಲ್ ರೋಲಿನಲ್ಲಿ ಇಬ್ಬರೂ ಒಂದೇ ಫ್ರೇಮಿನಲ್ಲಿ ಎದುರುಬದುರು ಕಾಣುವುದಕ್ಕೆ ನಮ್ಮಲ್ಲಿ ಮಾಸ್ಕ್ ಶಾಟ್ ಅನ್ನುತ್ತಾರೆ. ಫಿಲ್ಮಿನ ಕಾಲದಲ್ಲಿ ಲೆನ್ಸಿನ ಅರ್ಧ ಮುಚ್ಚಿ ಒಂದು ಸಲ, ರೀಲು ಹಿಂದಕ್ಕೆ ಸುತ್ತಿ ಇನ್ನರ್ಧ ಮುಚ್ಚಿ ಮತ್ತೊಂದು ಸಲ ತೆಗೆಯುತ್ತಿದ್ದರು. 1978ರ 'ಶಂಕರ್ ಗುರು'ನಲ್ಲಿ ರಾಜ್‌ಕುಮಾರ್ ಮೂರು ಪಾತ್ರ ಮಾಡಿದಾಗ ಕಂಪ್ಯೂಟರ್ ಎಲ್ಲಿತ್ತು? ಈಗ ಎಡಿಟಿಂಗ್ ಟೇಬಲ್ ಮೇಲೆ ಎರಡು ಟೇಕುಗಳನ್ನು ಹೊಲಿಯುತ್ತೇವೆ. ಕ್ಯಾಮೆರಾ ಮಾತ್ರ ಕೂದಲೆಳೆಯಷ್ಟೂ ಅಲುಗಬಾರದು. ದುಡ್ಡಿರುವವರು ಕ್ಯಾಮೆರಾದ ಓಡಾಟವನ್ನೇ ನೆನಪಿಟ್ಟುಕೊಂಡು ಮತ್ತೆ ಹಾಗೇ ಓಡುವ ಯಂತ್ರ ತರಿಸುತ್ತಾರೆ. ನಾವು ಟ್ರೈಪಾಡ್ ಕಾಲುಗಳಿಗೆ ಟೇಪ್ ಅಂಟಿಸಿ, ಮರಳಿನ ಚೀಲ ಹೇರಿ, ಹತ್ತಿರ ಯಾರೂ ಸುಳಿಯದಂತೆ ಒಬ್ಬ ಹುಡುಗನನ್ನು ಕಾವಲಿಗೆ ನಿಲ್ಲಿಸಿದೆವು.

ರಾಜರಾಜೇಶ್ವರಿ ನಗರದ ಶೂಟಿಂಗ್ ಮನೆ. ಬೆಳಗ್ಗೆ ಹನ್ನೊಂದಕ್ಕೆ ಅಕ್ಕನ ಭಾಗ ತೆಗೆದೆವು. ನೋಟ ಸರಿಯಿರಲಿ ಅಂತ, ತಂಗಿಯ ಕಣ್ಣು ಬರುವ ಎತ್ತರಕ್ಕೆ ಲೈಟ್ ಸ್ಟ್ಯಾಂಡಿಗೆ ಒಂದು ಸ್ಟಿಕರ್ ಬಿಂದಿ ಅಂಟಿಸಿದ್ದರು. ನಟಿ ಆ ಬಿಂದಿಗೆ ಅತ್ತು ಬೈದಳು. ಆಮೇಲೆ ಸೀರೆ ಬಿಚ್ಚಿ ಚೂಡಿದಾರ, ಜಡೆ ಬಿಚ್ಚಿ ಬೇರೆ ಜಡೆ, ಮೇಕಪ್. ಮುಕ್ಕಾಲು ಗಂಟೆ. ಅಷ್ಟರಲ್ಲಿ ಸೂರ್ಯ ತನ್ನ ಕೆಲಸ ತಾನು ಮಾಡಿದ್ದ. ಕಿಟಕಿಯ ಬೆಳಕು ಗೋಡೆಯ ಮೇಲೆ ಒಂದು ಮೊಳ ಸರಿದಿತ್ತು. ಎರಡನ್ನೂ ಹೊಲಿದರೆ ಕೋಣೆಯ ನಡುವೆ ನೇರ ಗೆರೆ. ಆ ಕಡೆ ಹನ್ನೊಂದು ಗಂಟೆ, ಈ ಕಡೆ ಹನ್ನೆರಡು. ಮೇಲೆ ಫ್ಯಾನ್ ಬೇರೆ ತಿರುಗುತ್ತಿತ್ತು, ಅದರ ನೆರಳು ಗೆರೆ ದಾಟುವಾಗ ತುಂಡಾಗುತ್ತಿತ್ತು. ಇಡೀ ಶಾಟ್ ಹೋಯಿತು. ಸಂಜೆ ಕಿಟಕಿಗಳಿಗೆ ಕಪ್ಪು ಬಟ್ಟೆ ಕಟ್ಟಿ, ಫ್ಯಾನ್ ಆರಿಸಿ, ಬೆವರು ಒರೆಸಿಕೊಂಡು ಮತ್ತೆ ತೆಗೆದೆವು. ದಿನಕ್ಕೊಂದು ಸಂಚಿಕೆ ಮುಗಿಸಬೇಕಾದ ಜಾಗದಲ್ಲಿ ಅವತ್ತು ಒಂದೂವರೆ ದೃಶ್ಯ ಆಯಿತು. ನಿರ್ಮಾಪಕರ ಮುಖ ನೋಡುವ ಹಾಗಿರಲಿಲ್ಲ.

ಅವತ್ತಿಂದ ನನಗೆ ನಾನೇ ಒಂದು ಲೆಕ್ಕ ಹಾಕಿಕೊಂಡೆ. ಶುರುವಿನಲ್ಲಿ ಒಂದೇ ಒಂದು ದೊಡ್ಡ ಮಾಸ್ಕ್. ಇಬ್ಬರೂ ಪೂರ್ತಿ ಕಾಣಲಿ. ಒಮ್ಮೆ ನಂಬಿದರೆ ನೋಡುವವರು ಮತ್ತೆ ಹುಡುಕುವುದಿಲ್ಲ. ಮಿಕ್ಕಿದ್ದೆಲ್ಲ ಸಜೆಷನ್ನಿನಲ್ಲಿ ನಡೆದುಹೋಗುತ್ತದೆ, ಅಂದರೆ ಡೂಪಿನ ಬೆನ್ನು, ನಟಿಯ ಮುಖ. ನಮ್ಮ ಡೂಪ್ ಹುಡುಗಿ ಎಷ್ಟು ಚೆನ್ನಾಗಿ ಬೆನ್ನಿನಲ್ಲೇ ಅಳುತ್ತಿದ್ದಳು ಅಂದರೆ, ಕೆಲವು ಕಡೆ ಮುಖಕ್ಕಿಂತ ಬೆನ್ನೇ ವಾಸಿ ಅನಿಸಿತು. ಅವಳ ಹೆಸರು ಟೈಟಲ್ಲಿನಲ್ಲಿ ಬರಲಿಲ್ಲ. ಕೇಳಿದೆ, ಆಗಲಿಲ್ಲ.

ಅಮ್ಮನಿಗೆ ಗೊತ್ತಿದೆ ಅನ್ನುವುದನ್ನು ಹೇಗೆ ತೋರಿಸುವುದು ಅನ್ನುವುದು ಉಳಿದಿತ್ತು. ಚಾನೆಲ್ 'ಮಚ್ಚೆ' ಅಂದಿತು. ಕತ್ತಿನ ಹಿಂದೆ ಮಚ್ಚೆ, ಅಮ್ಮ ನೋಡುತ್ತಾಳೆ, ಗುಡುಗು. ಬೇಡ ಅಂದೆ. ತಂಗಿಯನ್ನು ಎಡಗೈಯವಳನ್ನಾಗಿ ಮಾಡಿದೆ. ಆದರೆ ನಮ್ಮ ಮನೆಗಳಲ್ಲಿ ಎಡಗೈಯಲ್ಲಿ ಉಂಡರೆ ಬಿಡುತ್ತಾರಾ? ತಲೆಗೊಂದು ಮೊಟಕಿ ಬಲಗೈಗೆ ತಿರುಗಿಸುತ್ತಾರೆ. ಉಣ್ಣುವುದು, ಬರೆಯುವುದು, ಕುಂಕುಮ ಕೊಡುವುದು ಎಲ್ಲ ಬಲಗೈ. ಯಾರೂ ತಿದ್ದದ ಒಂದು ಕೆಲಸ ಬೇಕಿತ್ತು. ಹೂ ಕಟ್ಟುವುದು ನೆನಪಾಯಿತು. ಬಲಗೈಯವರು ಎಡಗೈಯಲ್ಲಿ ಹೂ ಹಿಡಿದು ಬಲಗೈಯಲ್ಲಿ ದಾರ ಸುತ್ತಿ ಕುಣಿಕೆ ಹಾಕುತ್ತಾರೆ. ಎಡಗೈಯವರದು ಉಲ್ಟಾ. ಕಟ್ಟಿ ಮುಗಿದ ಮಾಲೆಯಲ್ಲಿ ಸುತ್ತು ಯಾವ ಕಡೆ ತಿರುಗಿದೆ ಅಂತ ಹೂ ಕಟ್ಟುವವರಿಗೆ ಮಾತ್ರ ಕಾಣುತ್ತದೆ.

ದೃಶ್ಯ ಹೀಗೆ ಬರೆದೆ. ತಂಗಿ ಒಂದು ಮೊಳ ಕಾಕಡ ಕಟ್ಟಿಟ್ಟು ಒಳಗೆ ಹೋಗುತ್ತಾಳೆ. ಅಮ್ಮ ಮಾಲೆ ಎತ್ತಿಕೊಂಡು ಬೆರಳಾಡಿಸುತ್ತಾಳೆ. ಹೊರಗೆ ಅಕ್ಕನ ಗೆಳತಿ ಗೇಟು ತೆಗೆದ ಸದ್ದು. ಅಮ್ಮ ಬೇಗಬೇಗ ಒಂದೊಂದೇ ಕುಣಿಕೆ ಬಿಚ್ಚುತ್ತಾಳೆ. ಅಕ್ಕ ಕಟ್ಟುತ್ತಿದ್ದ ಹಾಗೆ, ಬಲಗೈ ಸುತ್ತಿನಲ್ಲಿ, ಮತ್ತೆ ಕಟ್ಟುತ್ತಾಳೆ. ಮಾತಿಲ್ಲ. ಶವಾಗಾರದ ಬಾಗಿಲಲ್ಲಿ ಅವಳು ಹೇಳಿದ್ದು ತಪ್ಪಿ ಬಂದ ಮಾತಲ್ಲ ಅಂತ ಅಲ್ಲಿ ಗೊತ್ತಾಗಬೇಕು.

ಅಮ್ಮನ ಪಾತ್ರದವರು ಚೆನ್ನಾಗಿ ಹೂ ಕಟ್ಟುತ್ತಾರೆ. ನಮ್ಮ ನಟಿಗೆ ಬರುವುದಿಲ್ಲ. ಹೇರ್ ಡ್ರೆಸರ್ ಅಕ್ಕ "ನಾನು ಕಟ್ತೀನಿ ಬಿಡಿ" ಅಂತ ಬಳೆ ಹಾಕಿಕೊಂಡು ಕೂತರು. ಆದರೆ ಅವರದು ಬಲಗೈ. ಪರವಾಗಿಲ್ಲ, ಕೈ ಮಾತ್ರ ತಾನೇ, ಎಡಿಟಿಂಗ್‌ನಲ್ಲಿ ಶಾಟನ್ನೇ ಉಲ್ಟಾ ಮಾಡೋಣ ಅಂದೆವು. ರಾತ್ರಿ ಎರಡು ಗಂಟೆಗೆ ಎಡಿಟರ್ ಕರೆದು ತೋರಿಸಿದ. ಹೂವು ಸರಿ, ಕೈ ಸರಿ. ಹಿಂದೆ ಗೋಡೆಯ ಮೇಲೆ ಕ್ಯಾಲೆಂಡರ್. ಅದರ ಕನ್ನಡ ಅಕ್ಷರವೆಲ್ಲ ಕನ್ನಡಿಯಲ್ಲಿ ಕಂಡ ಹಾಗೆ ತಿರುಗಿ ನಿಂತಿತ್ತು. ಫ್ರೇಮ್ ಹಿಗ್ಗಿಸಿ ಅದನ್ನು ಹೊರಗೆ ತಳ್ಳಿ ಬೆಳಗ್ಗೆ ಕಳಿಸಿದೆವು.

ಪ್ರಸಾರವಾದ ಮರುದಿನ ಹೇರ್ ಡ್ರೆಸರ್ ಅಕ್ಕ ಸೆಟ್ಟಿಗೆ ಮುಖ ಊದಿಸಿಕೊಂಡು ಬಂದರು. ಅವರ ಬಲಗೈ ಹೆಬ್ಬೆರಳ ಬುಡದಲ್ಲಿ ಒಂದು ಹಳೇ ಸುಟ್ಟ ಕಲೆ ಇದೆ.

"ನನ್ನ ಕೈ ಟಿವಿಯಲ್ಲಿ ಬರುತ್ತೆ ಅಂತ ಮನೆಯವರನ್ನೆಲ್ಲ ಕೂರಿಸಿದ್ದೆ ಮೇಡಂ. ಒಬ್ಬರೂ ನಂಬಲಿಲ್ಲ. ಅವಳ ಕಲೆ ಎಡಗೈಲಿದೆ, ನಿಂದು ಬಲಗೈಲಲ್ವಾ ಅಂದ್ರು."