ಸೈರನ್ ಮೊಳಗುವ ಊರಿನಲ್ಲಿ ಮಗುವಿನ ದಿನಚರಿ

2022ರ ಫೆಬ್ರುವರಿ 24ರಂದು ರಷ್ಯಾ ಪೂರ್ಣಪ್ರಮಾಣದ ಆಕ್ರಮಣ ಆರಂಭಿಸಿದಂದಿನಿಂದ ಉಕ್ರೇನಿನ ಮಕ್ಕಳ ಪಾಠ, ಆಟ, ನಿದ್ದೆಗಳೆಲ್ಲ ವಾಯುದಾಳಿಯ ಸೈರನ್ನಿಗೆ ಹೊಂದಿಕೊಳ್ಳಬೇಕಾಗಿದೆ. ಅಂಥ ಊರಿನಲ್ಲಿ ಹಿರಿಯರು ಮೊದಲು ಮಾಡಬೇಕಾದದ್ದು, ಆಶ್ರಯತಾಣದ ದಾರಿಯನ್ನು ಸದ್ದಿಲ್ಲದ ಹಗಲಿನಲ್ಲೇ ಮಗುವಿನೊಂದಿಗೆ ನಡೆದು ರೂಢಿ ಮಾಡಿಸುವುದು. ನೆಲಮಾಳಿಗೆ ತಲುಪಲು ಸಮಯವಿಲ್ಲದಿದ್ದರೆ ಅಲ್ಲಿ ಎಲ್ಲರೂ ಬಲ್ಲ ‘ಎರಡು ಗೋಡೆ’ಯ ನಿಯಮವನ್ನು ಪಾಲಿಸಬೇಕು: ಹೊರಗೋಡೆ ಸ್ಫೋಟದ ಹೊಡೆತವನ್ನು ತಡೆದರೆ, ಒಳಗೋಡೆ ಸಿಡಿದುಬರುವ ಗಾಜು ಮತ್ತು ಲೋಹದ ಚೂರುಗಳನ್ನು ತಡೆಯುತ್ತದೆ, ಆದ್ದರಿಂದ ಕಿಟಕಿಯಿಲ್ಲದ ಕಾರಿಡಾರಿನಲ್ಲಿ ಹಾಸಿಗೆ ಹಾಸಿಡುವುದು ಒಳ್ಳೆಯದು.

ಮಗುವಿನ ಚೀಲದಲ್ಲಿ ನೀರು, ಟಾರ್ಚು, ಬೆಚ್ಚನೆಯ ಬಟ್ಟೆಯ ಜೊತೆಗೆ ಹೆಸರು, ರಕ್ತದ ಗುಂಪು, ಪೋಷಕರ ಫೋನ್ ಸಂಖ್ಯೆ ಬರೆದ ಚೀಟಿ ಇರಲಿ. ಕಿವಿ ಕಿತ್ತುಹೋದ ಬಟ್ಟೆಯ ಮೊಲವಿದ್ದರೆ ಅದನ್ನೂ ಇಡಿ. ತೂಕದ ಲೆಕ್ಕ ಅದಕ್ಕೆ ಅನ್ವಯಿಸದು.

ಹೆಚ್ಚು ಎಚ್ಚರ ಬೇಕಾಗಿರುವುದು ಬಯಲಿನಲ್ಲಿ. ‘ಹೂವಿನ ದಳ’ ಎಂದು ಕರೆಯಲಾಗುವ ಪಿಎಫ್‌ಎಂ-1 ನೆಲಬಾಂಬು ಅಂಗೈಯಗಲದ, ಹಸಿರು ಅಥವಾ ಕಂದು ಬಣ್ಣದ ಪ್ಲಾಸ್ಟಿಕ್ ವಸ್ತುವಾಗಿದ್ದು, ಮಗುವಿನ ಕಣ್ಣಿಗೆ ಆಟಿಕೆಯಂತೆಯೇ ಕಾಣುತ್ತದೆ. ಮುಟ್ಟಬಾರದು, ಏನನ್ನೂ ಎಸೆಯಬಾರದು, ಬಂದ ಹೆಜ್ಜೆಯಲ್ಲೇ ಹಿಂದಿರುಗಿ ದೊಡ್ಡವರಿಗೆ ಹೇಳಬೇಕು ಎಂಬುದನ್ನು ಮತ್ತೆಮತ್ತೆ ಹೇಳಿಕೊಡಿ. ದೊಡ್ಡವರು ಅಲ್ಲಿನ ತುರ್ತುಸೇವೆಯ ಸಂಖ್ಯೆ 101ಕ್ಕೆ ಕರೆ ಮಾಡಬೇಕು.

ಖಾರ್ಕಿವ್ ನಗರದಲ್ಲಿ 2023ರ ಸೆಪ್ಟೆಂಬರಿನಿಂದ ಮೆಟ್ರೊ ನಿಲ್ದಾಣಗಳಲ್ಲೇ ತರಗತಿಗಳು ನಡೆದಿವೆ. ಶಾಲೆಯ ವ್ಯವಸ್ಥೆ ಏನೇ ಇರಲಿ, ರಾತ್ರಿಯಿಡೀ ಎಚ್ಚರವಿದ್ದ ಮಗುವಿಗೆ ಮರುದಿನ ಮನೆಪಾಠದ ಒತ್ತಾಯ ಬೇಡ. ಸ್ಫೋಟದ ಸದ್ದನ್ನು ಪಟಾಕಿಯೆಂದು ಸುಳ್ಳು ಹೇಳುವುದಕ್ಕಿಂತ, ಚಿಕ್ಕ ಮಾತಿನಲ್ಲಿ ನಿಜವನ್ನೇ ಹೇಳಿ, ಮಲಗುವ ಮುನ್ನ ಎಂದಿನ ಕಥೆಯನ್ನು ಕಾರಿಡಾರಿನಲ್ಲೇ ಮುಂದುವರಿಸಿ.