ಬೇಸ್‌ಮೆಂಟಿನಲ್ಲಿ ಅಪ್ಪ-ಅಮ್ಮನಿಗೆ ಹಾಸಿಗೆ ಹಾಕುವ ಮೊದಲು: ಅಮೆರಿಕದ ಮನೆಗಳಲ್ಲಿ ರೇಡಾನ್ ಪರೀಕ್ಷೆ

ದಾವಣಗೆರೆ, ಚಿತ್ರದುರ್ಗದ ಕಡೆಯಿಂದ ಹೋಗಿ ಅಮೆರಿಕದಲ್ಲಿ ಮೊದಲ ಮನೆ ಕೊಳ್ಳುವವರ ಕೈಗೆ ಇನ್‌ಸ್ಪೆಕ್ಷನ್ ಪಟ್ಟಿ ಬಂದಾಗ, ಅದರಲ್ಲಿ ರೇಡಾನ್ ಎಂಬ ಸಾಲೊಂದು ಇರುತ್ತದೆ. ನೂರೈವತ್ತೋ ಇನ್ನೂರೋ ಡಾಲರ್ ಉಳಿಯುತ್ತದಲ್ಲ ಎಂದು ಬಹಳ ಜನ ಮೊದಲು ಹೊಡೆದುಹಾಕುವುದು ಆ ಸಾಲನ್ನೇ. ದಯವಿಟ್ಟು ಹಾಗೆ ಮಾಡಬೇಡಿ.

ಮಣ್ಣು, ಬಂಡೆಯಲ್ಲಿರುವ ಯುರೇನಿಯಂ ಕ್ಷಯಿಸುತ್ತಾ ಹೋದಂತೆ ಹುಟ್ಟುವ ವಿಕಿರಣಶೀಲ ಅನಿಲ ರೇಡಾನ್. ಇದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ಇದರಿಂದ ಹುಟ್ಟುವ ಪೊಲೋನಿಯಂ ಕಣಗಳು ಉಸಿರಿನ ಜೊತೆ ಒಳಗೆ ಹೋಗಿ, ಶ್ವಾಸಕೋಶಕ್ಕೆ ಅಂಟಿಕೊಂಡು ಆಲ್ಫಾ ವಿಕಿರಣ ಸೂಸುತ್ತವೆ. ಇದರಿಂದ ಆ ದೇಶದಲ್ಲಿ ವರ್ಷಕ್ಕೆ ಸುಮಾರು 21,000 ಮಂದಿ ಶ್ವಾಸಕೋಶದ ಕ್ಯಾನ್ಸರ್‌ನಿಂದ ಸಾಯುತ್ತಾರೆಂಬುದು ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯಾದ ಇಪಿಎ ಮಾಡಿರುವ ಅಂದಾಜು.

ಬಂಡೆ ನಮ್ಮಲ್ಲೂ ಇದೆ, ದುರ್ಗದ ಕೋಟೆ ನಿಂತಿರುವುದೇ ಗ್ರಾನೈಟ್ ಮೇಲೆ. ಆದರೆ ಊರಿನ ಮನೆಯಲ್ಲಿ ಬಾಗಿಲು, ಕಿಟಕಿ ದಿನವಿಡೀ ತೆರೆದಿರುತ್ತವೆ, ನೆಲದಡಿಯ ಕೋಣೆ ಎಂಬುದು ಸಾಮಾನ್ಯವಾಗಿ ಇರುವುದಿಲ್ಲ. ಮಿನ್ನೆಸೋಟ, ಅಯೋವಾ, ಪೆನ್ಸಿಲ್ವೇನಿಯಾದ ಚಳಿಗಾಲದಲ್ಲಿ ಕಿಟಕಿ ತಿಂಗಳುಗಟ್ಟಲೆ ಮುಚ್ಚಿರುತ್ತದೆ. ಹೀಟರಿನ ಬಿಸಿ ಗಾಳಿ ಮೇಲೇರಿ ಛಾವಣಿಯ ಸಂದುಗಳಿಂದ ಹೊರಹೋದಷ್ಟೂ, ಮನೆ ತನ್ನ ಬುಡದಿಂದ ಮಣ್ಣಿನ ಗಾಳಿಯನ್ನು ಹೀರಿಕೊಳ್ಳುತ್ತದೆ. ಕಾಂಕ್ರೀಟಿನ ಬಿರುಕು, ಪೈಪಿನ ಸುತ್ತಲಿನ ಸಂದು, ಬೇಸ್‌ಮೆಂಟಿನ ನೆಲದಲ್ಲಿ ಒಸರುವ ನೀರು ಸೇರುವ ಸಂಪ್ ಗುಂಡಿ, ಎಲ್ಲವೂ ಅದಕ್ಕೆ ದಾರಿಯೇ. ಹಾಗಾಗಿ ರೇಡಾನ್ ಹೆಚ್ಚಾಗಿ ಸೇರುವುದು ಬೇಸ್‌ಮೆಂಟಿನಲ್ಲಿ. ಊರಿಂದ ಬಂದ ಹಿರಿಯರಿಗೆ ಆರು ತಿಂಗಳು ಬಿಟ್ಟುಕೊಡುವ ಕೋಣೆಯೂ ಎಷ್ಟೋ ಮನೆಗಳಲ್ಲಿ ಅದೇ.

ಇದನ್ನೆಲ್ಲ ಸರ್ಕಾರ ನೋಡಿಕೊಳ್ಳುತ್ತದೆ ಎಂದುಕೊಂಡರೆ ತಪ್ಪು. ಇಪಿಎಯ ರಾಡ್‌ನೆಟ್ ಜಾಲ ಐವತ್ತೂ ರಾಜ್ಯಗಳಲ್ಲಿ ಸುಮಾರು 140 ಕಡೆ ಹೊರಗಿನ ಗಾಳಿಯ ವಿಕಿರಣವನ್ನು ಅಳೆಯುತ್ತದೆ ನಿಜ. ನಿಮ್ಮ ಮನೆಯೊಳಗಿನ ರೇಡಾನ್ ಅದರ ಲೆಕ್ಕಕ್ಕೆ ಬರುವುದಿಲ್ಲ. ಇಪಿಎ ಹೇಳುವ ಲೀಟರ್ ಗಾಳಿಗೆ 4 ಪಿಕೋಕ್ಯೂರಿ (ವಿಕಿರಣಶೀಲತೆಯನ್ನು ಅಳೆಯುವ ಮಾನ) ಎಂಬುದೂ ಕಾನೂನಿನ ಮಿತಿಯಲ್ಲ, ಇಷ್ಟಾದರೆ ಸರಿಪಡಿಸಿ ಎಂಬ ಸಲಹೆ ಮಾತ್ರ. ಇಲಿನಾಯ್, ಮಿನ್ನೆಸೋಟದಂಥ ರಾಜ್ಯಗಳಲ್ಲಿ ಮಾರುವವರು ತಮಗೆ ಗೊತ್ತಿರುವ ರೇಡಾನ್ ವಿವರವನ್ನು ಬರೆದುಕೊಡಬೇಕು. ಆದರೆ ಅವರು ಪರೀಕ್ಷೆಯನ್ನೇ ಮಾಡಿಸಿರದಿದ್ದರೆ ಆ ಕಾಗದದಲ್ಲಿ ಏನೂ ಇರುವುದಿಲ್ಲ.

ಪಕ್ಕದ ಮನೆಯವರ ರೀಡಿಂಗ್ ಕಡಿಮೆ ಬಂದಿದೆ ಎಂದು ನೆಚ್ಚಿ ಕೂರಬೇಡಿ. ಪಕ್ಕದ ಹೊಲದ ಬೋರಿನಲ್ಲಿ ಇನ್ನೂರು ಅಡಿಗೆ ನೀರು ಬಿದ್ದು, ನಮ್ಮದರಲ್ಲಿ ಆರುನೂರು ಅಡಿಗೂ ಬರೀ ಧೂಳು ಬರುವುದನ್ನು ಕಂಡವರಿಗೆ ಇದನ್ನು ವಿವರಿಸಬೇಕಿಲ್ಲ.

ಮನೆ ಕೊಳ್ಳುವಾಗ ಇನ್‌ಸ್ಪೆಕ್ಟರ್ ಕನಿಷ್ಠ 48 ಗಂಟೆ ಒಂದು ಎಲೆಕ್ಟ್ರಾನಿಕ್ ಮಾನಿಟರ್ ಇಟ್ಟು, ಗಂಟೆಗೊಂದು ರೀಡಿಂಗ್ ತೆಗೆಯುತ್ತಾರೆ. ಸರಾಸರಿ ಮಾತ್ರ ಸಾಲದು, ಗಂಟೆವಾರು ಪಟ್ಟಿಯನ್ನೂ ಕೇಳಿ ಪಡೆಯಿರಿ. ನಡುವೆ ಅಂಕಿ ಧುತ್ತನೆ ಕುಸಿದಿದ್ದರೆ ಯಾರೋ ಕಿಟಕಿ ತೆರೆದಿರಬಹುದು. ಈಗಾಗಲೇ ವಾಸವಿರುವ ಮನೆಗೆ ರೇಡಾನ್ ಹೀರಿಕೊಳ್ಳುವ ಇದ್ದಿಲಿನ ಡಬ್ಬಿಯ ಕಿಟ್ ಸಾಕು, ಹಾರ್ಡ್‌ವೇರ್ ಅಂಗಡಿಯಲ್ಲಿ ಸಿಗುತ್ತದೆ. ಪರೀಕ್ಷೆ ಕೆಡುವುದು ಬಹಳ ಸಲ ಇಟ್ಟ ಜಾಗದಿಂದ. ಅಡುಗೆಮನೆ, ಬಚ್ಚಲು ಬೇಡ, ಅಲ್ಲಿನ ತೇವವನ್ನು ಇದ್ದಿಲು ಹೀರಿಕೊಳ್ಳುತ್ತದೆ. ಜನ ಇರುವ ಅತಿ ಕೆಳಗಿನ ಅಂತಸ್ತಿನಲ್ಲಿ, ನೆಲದಿಂದ ಕನಿಷ್ಠ 20 ಇಂಚು ಎತ್ತರದಲ್ಲಿ, ಕಿಟಕಿ ಬಾಗಿಲಿನಿಂದ 3 ಅಡಿ ದೂರ ಇಡಿ. ಇಡುವ 12 ಗಂಟೆ ಮೊದಲೇ ಕಿಟಕಿಗಳನ್ನೆಲ್ಲ ಮುಚ್ಚಿ, ಪರೀಕ್ಷೆ ಮುಗಿಯುವವರೆಗೂ ಹಾಗೇ ಇರಲಿ. ಓಡಾಟಕ್ಕೆ ಬಾಗಿಲು ತೆರೆದರೆ, ಒಗ್ಗರಣೆ ಹೊತ್ತಿಗೆ ಐದು ನಿಮಿಷ ಎಕ್ಸಾಸ್ಟ್ ಹಾಕಿದರೆ ತೊಂದರೆಯಿಲ್ಲ. ಬಿರುಗಾಳಿಯ ದಿನ ಪರೀಕ್ಷೆ ಬೇಡ. ಮುಗಿದ ಕೂಡಲೇ ಡಬ್ಬಿಯನ್ನು ಬಿಗಿಯಾಗಿ ಮುಚ್ಚಿ ಅಂದೇ ಅಂಚೆಗೆ ಹಾಕಿ. ರೇಡಾನ್ ಅರ್ಧಾಯುಷ್ಯ 3.8 ದಿನ, ಅಂದರೆ ಅಷ್ಟರಲ್ಲಿ ಅದರ ಅರ್ಧ ಭಾಗ ಕ್ಷಯಿಸಿಹೋಗುತ್ತದೆ. ವಾರಗಟ್ಟಲೆ ಮೇಜಿನ ಮೇಲೆ ಕೂತ ಕಿಟ್‌ನಲ್ಲಿ ಪ್ರಯೋಗಾಲಯಕ್ಕೆ ಅಳೆಯಲು ಏನೂ ಉಳಿದಿರುವುದಿಲ್ಲ.

ಫಲಿತಾಂಶ 4 ಅಥವಾ ಹೆಚ್ಚು ಬಂದರೆ ಎರಡನೇ ಪರೀಕ್ಷೆ ಮಾಡಿ. 8 ದಾಟಿದ್ದರೆ ತಡಮಾಡದೆ ಮತ್ತೊಂದು ಅಲ್ಪಾವಧಿ (ಕೆಲವೇ ದಿನಗಳ) ಕಿಟ್ ಇಡಿ. ಎರಡರ ಸರಾಸರಿ 4 ಮುಟ್ಟಿದರೆ ಸರಿಪಡಿಸಲೇಬೇಕು. 2ರಿಂದ 4ರ ನಡುವೆ ಬಂದರೂ ಯೋಚಿಸಿ ಎನ್ನುತ್ತದೆ ಇಪಿಎ. ಬೇಸ್‌ಮೆಂಟಿನಲ್ಲಿ ಯಾರಾದರೂ ಮಲಗುವುದಾದರೆ ಸರಿಪಡಿಸಿಬಿಡಿ ಎಂಬುದು ನಮ್ಮ ಮಾತು. ಸಿಗರೇಟು ಸೇದುವವರಿದ್ದರೆ ಚರ್ಚೆಯೇ ಬೇಡ. 4ರ ಮಟ್ಟದಲ್ಲಿ ಜೀವಮಾನವಿಡೀ ಇದ್ದರೆ ಎಂದೂ ಸೇದದ 1,000 ಮಂದಿಯಲ್ಲಿ ಸುಮಾರು 7 ಜನರಿಗೆ, ಸೇದುವವರಲ್ಲಿ ಸುಮಾರು 62 ಜನರಿಗೆ ಶ್ವಾಸಕೋಶದ ಕ್ಯಾನ್ಸರ್ ಬರಬಹುದು ಎಂಬುದು ಇಪಿಎ ಲೆಕ್ಕ. ಡಿಜಿಟಲ್ ಮೀಟರ್ ಕೊಂಡವರು ಅದು ಯಾವ ಮಾನದಲ್ಲಿದೆ ಎಂದು ಮೊದಲು ನೋಡಿ. ಲೀಟರಿಗೆ 1 ಪಿಕೋಕ್ಯೂರಿ ಎಂದರೆ ಘನಮೀಟರಿಗೆ 37 ಬೆಕೆರೆಲ್. ಬೆಕೆರೆಲ್‌ನಲ್ಲಿ 111 ಕಂಡು ಗಾಬರಿಯಾಗುವವರಿದ್ದಾರೆ, ಅದು ಬರೀ 3.

ಸರಿಪಡಿಸುವ ಕೆಲಸ ನಾವು ಅಂದುಕೊಳ್ಳುವಷ್ಟು ದೊಡ್ಡದಲ್ಲ. ನೆಲದ ಕಾಂಕ್ರೀಟಿಗೆ ತೂತು ಕೊರೆದು, ಕೆಳಗಿನ ಮಣ್ಣನ್ನು ಒಂದಿಷ್ಟು ತೋಡಿ, ಪಿವಿಸಿ ಪೈಪ್ ಇಳಿಸುತ್ತಾರೆ. ಅಟ್ಟದಲ್ಲೋ ಹೊರಗೋಡೆಯಲ್ಲೋ ಕೂರಿಸಿದ ಫ್ಯಾನ್ ಮಣ್ಣಿನ ಗಾಳಿಯನ್ನು ಎಳೆದು ಛಾವಣಿಯ ಮೇಲೆ ಬಿಡುತ್ತದೆ. ಬಹುತೇಕ ಒಂದೇ ದಿನದ ಕೆಲಸ, ಸಾಮಾನ್ಯವಾಗಿ 1,000ದಿಂದ 2,500 ಡಾಲರ್. ಫ್ಯಾನನ್ನು ಬೇಸ್‌ಮೆಂಟಿನೊಳಗೇ ಕೂರಿಸುತ್ತೇನೆ ಎನ್ನುವವರಿಗೆ ಕೆಲಸ ಕೊಡಬೇಡಿ. ಫ್ಯಾನಿನಿಂದಾಚೆಯ ಪೈಪಿನ ಜೋಡಣೆ ಸಡಿಲವಾದರೆ ರೇಡಾನ್ ನೇರವಾಗಿ ಮನೆಯೊಳಕ್ಕೇ ನುಗ್ಗುತ್ತದೆ. ಸಂಪ್ ಗುಂಡಿಗೆ ಗಾಳಿಯಾಡದ ಮುಚ್ಚಳ ಹಾಕಿದ್ದಾರೆಯೇ ನೋಡಿ. ಕೆಲಸವಾಗಿ 24 ಗಂಟೆ ಕಳೆದ ಮೇಲೆ, 30 ದಿನದೊಳಗೆ ಮರುಪರೀಕ್ಷೆ ಮಾಡಿ, ಆಮೇಲೆ ಎರಡು ವರ್ಷಕ್ಕೊಮ್ಮೆ.

ಗ್ರಾನೈಟ್ ಕಟ್ಟೆಯಿಂದ ರೇಡಾನ್ ಬರುತ್ತದೆಯೇ ಎಂದು ದುರ್ಗದ ಕಡೆಯವರು ಕೇಳುವುದುಂಟು. ಅಡುಗೆಮನೆಯ ಚಪ್ಪಡಿಯಿಂದ ಮನೆಯ ಮಟ್ಟ ಏರುವ ಸಂಭವ ತೀರಾ ಕಡಿಮೆ, ನಿಜವಾದ ಮೂಲ ಕೆಳಗಿನ ಮಣ್ಣು. ಆದರೆ ಸ್ವಂತ ಬಾವಿಯ ನೀರು ಬಳಸುವ ಮನೆಯಾದರೆ ನೀರನ್ನೂ ಪರೀಕ್ಷಿಸಿ. ಲೀಟರ್ ನೀರಿನಲ್ಲಿ 10,000 ಪಿಕೋಕ್ಯೂರಿ ಇದ್ದರೆ ಮನೆಯ ಗಾಳಿಗೆ ಲೀಟರಿಗೆ ಸುಮಾರು 1 ಪಿಕೋಕ್ಯೂರಿ ಸೇರುತ್ತದೆ, ಮುಖ್ಯವಾಗಿ ಸ್ನಾನದ ಹೊತ್ತಿನಲ್ಲಿ. ಬೋರ್ ನೀರಿನ ಫ್ಲೋರೈಡ್‌ನಿಂದ ಹಲ್ಲು, ಮೂಳೆ ಹಾಳಾದದ್ದನ್ನು ಕಂಡ ನಾಡಿನವರು ನಾವು, ಕಣ್ಣಿಗೆ ಕಾಣದ್ದೆಂದು ಬಿಟ್ಟುಬಿಡುವುದು ಬೇಡ.

ರೇಡಾನ್ ಹೊರಹಾಕಲು ಕೂರಿಸಿದ ಪೈಪಿನ ಮೇಲೆ ಯು ಆಕಾರದ ಒಂದು ಸಣ್ಣ ಗಾಜಿನಂಥ ಕೊಳವೆ ಇರುತ್ತದೆ, ಒಳಗೆ ಬಣ್ಣದ ದ್ರವ. ಒಂದು ಕಡೆ ಮೇಲೆ, ಇನ್ನೊಂದು ಕಡೆ ಕೆಳಗೆ ನಿಂತಿದ್ದರೆ ಫ್ಯಾನ್ ಎಳೆಯುತ್ತಿದೆ. ಎರಡೂ ಸಮವಾಗಿದ್ದರೆ ಫ್ಯಾನ್ ನಿಂತಿದೆ. ಹಗಲೆಲ್ಲ ಮನೆಯಲ್ಲಿರುವವರು ಅಪ್ಪ-ಅಮ್ಮ, ಬಂದ ಮೊದಲ ದಿನವೇ ಅವರನ್ನು ಕರೆದುಕೊಂಡು ಹೋಗಿ ಅದನ್ನು ತೋರಿಸಿ.