ಎಜ್ರಾ ಪೌಂಡ್‌ನನ್ನು ತಾರೀಖಿನ ಪ್ರಕಾರ ಓದಿದ ನನ್ನ ಅನುಭವ

ಅಮೆರಿಕದ ಕವಿ ಎಜ್ರಾ ಪೌಂಡ್‌ನ ಕವಿತೆ, ಎರಡನೇ ಮಹಾಯುದ್ಧದ ಕಾಲದಲ್ಲಿ ಮುಸೊಲಿನಿಯ ಇಟಲಿಯಿಂದ ಮಾಡಿದ ರೇಡಿಯೋ ಭಾಷಣ ಮತ್ತು ಪತ್ರಗಳನ್ನು ಬೇರೆಬೇರೆ ಕಟ್ಟುಗಳಾಗಿ ಇಡದೆ, ಬರೆದ ತಾರೀಖಿನ ಪ್ರಕಾರ ಒಂದೇ ಸಾಲಿನಲ್ಲಿ ಜೋಡಿಸಿ ಓದುವ ಕ್ರಮವನ್ನು ನಾನು ಬಳ್ಳಾರಿಯಲ್ಲಿ ಕುಳಿತೇ ರೂಢಿಸಿಕೊಂಡೆ. ಇದು ಆಗುವ ಕೆಲಸವಲ್ಲವೆಂದವರೇ ಹೆಚ್ಚು. ಹಸ್ತಪ್ರತಿಗಳ ಬಹುಭಾಗ ಯೇಲ್ ವಿಶ್ವವಿದ್ಯಾಲಯದ ಬೈನೆಕಿ ಗ್ರಂಥಾಲಯದಲ್ಲಿರುವಾಗ "ಬಳ್ಳಾರ್ಯಾಗ ಕುಂತು ಪೌಂಡ್ ಮ್ಯಾಲೆ ಹೊಸಾದೇನ್ ಹುಡುಕ್ತೀರ್ರಿ?" ಎಂದು ಹಿರಿಯ ಸಹೋದ್ಯೋಗಿಯೊಬ್ಬರು ಕೇಳಿದ್ದರು; ಕವಿಯ ಬದುಕನ್ನು ಕವಿತೆಯ ಪಕ್ಕದಲ್ಲಿಡುವುದೇ ಹಳೆಯ ಕಾಲದ ವಿಮರ್ಶೆಯೆಂದು ಸೆಮಿನಾರೊಂದರಲ್ಲಿ ತಳ್ಳಿಹಾಕಿದ್ದರು. ಈಗ ಪ್ರಬಂಧಕ್ಕೆ ಪದವಿ ದೊರೆತಿದೆ, ಮತ್ತು ಮೌಖಿಕ ಪರೀಕ್ಷೆಗೆ ಬಂದಿದ್ದ ಪರೀಕ್ಷಕರು ಪ್ರಬಂಧವನ್ನು ಬದಿಗಿಟ್ಟು ನನ್ನ ಚೀಟಿಗಳನ್ನೇ ತರಿಸಿಕೊಂಡು ಅರ್ಧ ತಾಸಿಗೂ ಹೆಚ್ಚು ಹೊತ್ತು ನೋಡಿದರು. ಆದ್ದರಿಂದ ಇದನ್ನು ಬರೆದಿಡುವ ಅಧಿಕಾರ ನನಗೆ ಬಂದಿದೆಯೆಂದು ಭಾವಿಸುತ್ತೇನೆ.

ಆರಂಭದಲ್ಲಿ ಎಲ್ಲರಂತೆ ವಿಷಯವಾರು ಚೀಟಿ ಮಾಡಿದ್ದೆ: ಅರ್ಥಶಾಸ್ತ್ರ, ಚೀನಾ, ಇಟಲಿ, ಯೆಹೂದಿ ದ್ವೇಷ, ಗೆಳೆಯರು ಎಂಬ ಕಟ್ಟುಗಳು. ವರ್ಷ ತುಂಬುವುದರೊಳಗೆ ಅವು ನಿರುಪಯುಕ್ತವೆಂದು ತಿಳಿಯಿತು, ಏಕೆಂದರೆ ಕ್ಯಾಂಟೋದ (ಪೌಂಡ್ ದಶಕಗಳ ಕಾಲ ಬರೆದ ನೀಳ್ಗವಿತೆಯ ಸಂಖ್ಯೆ ಹಾಕಿದ ಭಾಗಗಳ ಹೆಸರದು) ಒಂದೇ ಸಾಲು ನಾಲ್ಕು ಕಟ್ಟುಗಳಿಗೆ ಸೇರುತ್ತಿತ್ತು. ಬಳಿಕ ಎಕ್ಸೆಲ್ ಹಾಳೆಗೆ ಇಳಿಸಿದೆ. ಅದು ಇನ್ನೂ ಬೇಗ ಕೈಕೊಟ್ಟಿತು. ಹಾಳೆ ಪ್ರತಿಯೊಂದಕ್ಕೂ ಒಂದೇ ತಾರೀಖನ್ನು ಬೇಡುತ್ತದೆ, ಆದರೆ ರೋಮ್ ರೇಡಿಯೋದ ಭಾಷಣವೊಂದಕ್ಕೆ ಬರೆದ ದಿನ, ಧ್ವನಿಮುದ್ರಿಸಿದ ದಿನ, ಪ್ರಸಾರವಾದ ದಿನ ಎಂದು ಮೂರು ದಿನಗಳಿರುತ್ತವೆ. ಪ್ರಸಾರದ ದಿನವು ಬಹುಮಟ್ಟಿಗೆ ಅಮೆರಿಕ ಸರ್ಕಾರದವರು ಕೇಳಿ ಬರೆದಿಟ್ಟ ದಾಖಲೆಯಿಂದ ದೊರೆಯುತ್ತದೆ, ಆದರೆ ಆ ದಾಖಲೆಯಲ್ಲಿ ಕೇಳಿಸದೆ ಬಿಟ್ಟುಹೋದ ಮಾತುಗಳಿವೆ. ಪತ್ರಗಳ ತೊಡಕು ಬೇರೆ. ಮೂವತ್ತರ ದಶಕದ ಹಲವು ಪತ್ರಗಳಿಗೆ ಪೌಂಡ್ ಮುಸೊಲಿನಿ ಅಧಿಕಾರಕ್ಕೆ ಬಂದಾಗಿನಿಂದ ಎಣಿಸುವ ಫ್ಯಾಸಿಸ್ಟ್ ಶಕೆಯ ವರ್ಷವನ್ನು ರೋಮನ್ ಅಂಕಿಯಲ್ಲಿ ಹಾಕುತ್ತಾನೆ. ಆ ಶಕೆ 1922ರ ಅಕ್ಟೋಬರ್ ಕೊನೆಯಿಂದ ಎಣಿಕೆಯಾಗುವುದರಿಂದ ಹದಿನಾರನೆಯ ವರ್ಷವೆಂದರೆ 1937ರ ಅಕ್ಟೋಬರ್ ಕೊನೆಯಿಂದ 1938ರ ಅಕ್ಟೋಬರ್‌ವರೆಗೆ. ಇದನ್ನು ಲೆಕ್ಕಿಸದೆ ಜೋಡಿಸಿದರೆ ನವೆಂಬರ್, ಡಿಸೆಂಬರ್ ತಿಂಗಳ ಪತ್ರಗಳೆಲ್ಲ ಒಂದು ವರ್ಷ ಮುಂದಕ್ಕೆ ಸರಿದುಬಿಡುತ್ತವೆ. ತಾರೀಖೇ ಇಲ್ಲದ ಪತ್ರಗಳನ್ನು ಎಲ್ಲಿ ಕೂರಿಸಬೇಕೆಂಬುದಕ್ಕೆ ನನ್ನದೇ ಒಂದು ಉಪಾಯವಿದೆ. ಅದರ ಮೇಲಿನ ಲೇಖನ ಅಚ್ಚಾಗುವವರೆಗೆ ಅದನ್ನು ಹೇಳಲಾರೆ.

ಕೊನೆಗೆ ಕೈಬರಹದ ಚೀಟಿಗೇ ಮರಳಿದೆ. ಅಂಗಡಿಯ ಕಾರ್ಡುಗಳು ದುಬಾರಿಯಾದ್ದರಿಂದ, ನಮ್ಮೂರಿನ ಜೀನ್ಸ್ ಘಟಕಗಳಲ್ಲಿ ಬಟ್ಟೆ ಕತ್ತರಿಸುವ ಅಳತೆಗೆ ಬಳಸಿ ಬಿಸಾಡುವ ದಪ್ಪ ಕಾಗದವನ್ನು ತೂಕದ ಲೆಕ್ಕದಲ್ಲಿ, ಕಿಲೋಗೆ ₹ 30–40ರಂತೆ ತಂದು ಅಂಗೈಯಗಲಕ್ಕೆ ಕತ್ತರಿಸಿಕೊಂಡೆ. ಕವಿತೆಗೆ ಕಪ್ಪು ಶಾಯಿ, ಭಾಷಣಕ್ಕೂ ಗದ್ಯಕ್ಕೂ ಕೆಂಪು, ಪತ್ರಕ್ಕೆ ನೀಲಿ. ಮೂರು ತಾರೀಖುಗಳಿದ್ದರೆ ಮೂರು ಚೀಟಿಗಳು, ಮೂರರಲ್ಲೂ ಉಳಿದೆರಡರ ಗುರುತು. ಒಟ್ಟು ಎರಡು ಸಾವಿರದ ಆಸುಪಾಸು ಚೀಟಿಗಳಾಗಿರಬೇಕು.

ಹಣದ ಮಾತನ್ನು ನಮ್ಮಲ್ಲಿ ಯಾರೂ ಬರೆಯುವುದಿಲ್ಲ, ಆದರೆ ಹೊಸಬರಿಗೆ ಬೇಕಾದದ್ದು ಅದೇ. ಅತಿಥಿ ಉಪನ್ಯಾಸಕನ ಗೌರವಧನ ನಾಲ್ಕೈದು ತಿಂಗಳಿಗೊಮ್ಮೆ ಬರುತ್ತಿದ್ದ ಕಾಲದಲ್ಲಿ ಐದಾರು ವರ್ಷಗಳ ಈ ಕೆಲಸಕ್ಕೆ ₹ 60,000 ದಾಟಿ ಖರ್ಚಾಗಿದೆ. ಅದರಲ್ಲಿ ಅರ್ಧದಷ್ಟು ಪುಸ್ತಕಗಳಿಗೆ, ಉಳಿದದ್ದು ಜೆರಾಕ್ಸ್‌ಗೆ ಮತ್ತು ಹಂಪಿ ಎಕ್ಸ್‌ಪ್ರೆಸ್‌ನಲ್ಲಿ ಬೆಂಗಳೂರಿಗೆ ಓಡಾಡಿದ್ದಕ್ಕೆ. ಹಳೆಯ ಪುಸ್ತಕಗಳ ವ್ಯಾಪಾರಿಯೊಬ್ಬರಿಗೆ ಮುಂಗಡವಾಗಿ ಕಳಿಸಿದ ₹ 4,000ದಷ್ಟು ಹಣ ಹೋದದ್ದು ಹೋಯಿತು, ಪುಸ್ತಕ ಬರಲಿಲ್ಲ. ಕ್ಯಾಂಟೋಗಳಿಗೆ ಕ್ಯಾರಲ್ ಟೆರೆಲ್ ಬರೆದ ಟಿಪ್ಪಣಿ ಸಂಪುಟವನ್ನು ಮಾತ್ರ ಸಾಲ ಮಾಡಿಯಾದರೂ ಕೊಳ್ಳಬೇಕೆಂಬುದು ನನ್ನ ಖಚಿತ ಅಭಿಪ್ರಾಯ. ಕ್ಯಾಂಟೋಗಳ ಪ್ರತಿಯನ್ನು ಕೊಳ್ಳುವ ಮುನ್ನ 71ನೆಯ ಕ್ಯಾಂಟೋದ ನಂತರ ಏನಿದೆಯೆಂದು ತೆರೆದು ನೋಡಬೇಕು. 72 ಮತ್ತು 73 ಇಟಾಲಿಯನ್ ಭಾಷೆಯಲ್ಲಿ ಬರೆದವು. 1980ರ ದಶಕಕ್ಕಿಂತ ಹಿಂದಿನ ಮುದ್ರಣಗಳು 71ರಿಂದ ನೇರವಾಗಿ 74ಕ್ಕೆ ಜಿಗಿಯುತ್ತವೆ.

ಕ್ರಮ ಫಲ ಕೊಟ್ಟದ್ದು ಆ ಜಿಗಿತದ ಜಾಗದಲ್ಲೇ. ಪೌಂಡ್‌ನ ಪರವಾಗಿ ವಾದಿಸುವವರು, 1945ರಲ್ಲಿ ಪೀಸಾ ಬಳಿಯ ಅಮೆರಿಕನ್ ಸೇನಾ ಶಿಬಿರದಲ್ಲಿ ಸುಮಾರು ಮೂರು ವಾರ ಕಬ್ಬಿಣದ ಪಂಜರದಲ್ಲಿದ್ದು, ಅನಂತರ ಡೇರೆಯಲ್ಲಿ ಬರೆದ 74ರಿಂದ 84ರವರೆಗಿನ ಕ್ಯಾಂಟೋಗಳನ್ನು ಪಶ್ಚಾತ್ತಾಪದ ಕಾವ್ಯವೆನ್ನುತ್ತಾರೆ. ಆದರೆ ಮುಸೊಲಿನಿಯ ಉಳಿದ ಪಡೆಗಳನ್ನು ಹುರಿದುಂಬಿಸುವ 72 ಮತ್ತು 73 ಅದಕ್ಕೆ ಕೆಲವೇ ತಿಂಗಳ ಹಿಂದಿನವು, ಮತ್ತು 74ನೆಯದು ಮುಸೊಲಿನಿಯ ಸಾವಿಗೆ ಶೋಕಿಸುತ್ತಲೇ ತೆರೆಯುತ್ತದೆ. ಚೀಟಿಗಳನ್ನು ಸಾಲಾಗಿ ಹಾಸಿ ನೋಡಿದಾಗ ಪಶ್ಚಾತ್ತಾಪವೆಂಬ ಒಂದೇ ಹೆಸರು ಆ ತಿಂಗಳುಗಳಿಗೆ ಸಾಲುವುದಿಲ್ಲವೆಂದು ಕಾಣುತ್ತದೆ. ಹಾಗೆಂದು ಅವನ ವಿರೋಧಿಗಳು ಹೇಳುವಂತೆ ಏನೂ ಬದಲಾಗಲಿಲ್ಲವೆಂದೂ ಅಲ್ಲ. ಅಹಂಕಾರವನ್ನು ಇಳಿಸೆನ್ನುವ 81ನೆಯ ಕ್ಯಾಂಟೋದ ಭಾಗ ತನಗೇ ಹೇಳಿಕೊಂಡದ್ದೋ, ಸೆರೆಯಲ್ಲಿಟ್ಟವರಿಗೆ ಹೇಳಿದ್ದೋ ಎಂಬ ಹಳೆಯ ಜಗಳವನ್ನು ನನ್ನ ಕ್ರಮ ಬಗೆಹರಿಸಿಲ್ಲ. ಆದರೆ 81ರಲ್ಲಿ ಇರುವೆಯನ್ನೂ 83ರಲ್ಲಿ ಕಣಜದ ಹುಳುವನ್ನೂ ಗಮನಿಸುವ ಆ ವಿನಯದ ದನಿ ಕೆಂಪು ಚೀಟಿಗಳಲ್ಲಿ ಒಮ್ಮೆಯೂ ನನಗೆ ಕೇಳಿಸಿಲ್ಲ.

ಇದಕ್ಕಿಂತ ಹೆಚ್ಚು ನನ್ನನ್ನು ಕಾಡಿದ್ದು 45ನೆಯ ಕ್ಯಾಂಟೋ. 1937ರಲ್ಲಿ ಸಂಕಲನಗೊಂಡ ಈ ಕವಿತೆ ಬಡ್ಡಿಯ ಮೇಲಿನ ಶಾಪ: ಬಡ್ಡಿಯಿರುವಲ್ಲಿ ಒಳ್ಳೆಯ ಕಲ್ಲಿನ ಮನೆಯಿಲ್ಲ, ಒಳ್ಳೆಯ ರೊಟ್ಟಿಯಿಲ್ಲ, ನೇಯುವವನಿಗೆ ಮಗ್ಗವಿಲ್ಲ ಎಂಬ ಧಾಟಿಯದು. ಇದನ್ನು ಬಿ.ಎ. ತರಗತಿಯಲ್ಲಿ ಯಾವ ಪೀಠಿಕೆಯೂ ಇಲ್ಲದೆ ಓದಿ ಕನ್ನಡದಲ್ಲಿ ಹೇಳಿದೆ. ಸಿರುಗುಪ್ಪ, ಕುರುಗೋಡು ಕಡೆಯ ರೈತರ ಮಕ್ಕಳು. ಮೆಣಸಿನಕಾಯಿಗೆ ರೇಟು ಬಿದ್ದ ವರ್ಷ ಮೀಟರ್ ಬಡ್ಡಿಯ ಸಾಲ ಮನೆಯನ್ನು ಏನು ಮಾಡುತ್ತದೆಂಬುದನ್ನು ಕಂಡವರು. "ಸರ್, ಇವ್ರು ನಮ್ಮ ಕಡೇರು ಇದ್ದಂಗ ಅದಾರ" ಎಂದಳು ಒಬ್ಬಳು. ಮುಂದಿನ ವಾರ 1942ರ ಭಾಷಣಗಳ ಕೆಂಪು ಚೀಟಿಗಳನ್ನು ಓದಿದೆ. ಬಡ್ಡಿಯ ಮೇಲಿದ್ದ ಅದೇ ಕೋಪ ಅಲ್ಲಿ ಯೆಹೂದಿಗಳೆಂಬ ಒಂದು ಇಡೀ ಜನಾಂಗದ ಮೇಲೆ ತಿರುಗಿತ್ತು, ಮತ್ತು ಅದೇ ವರ್ಷ ಯುರೋಪಿನಲ್ಲಿ ಆ ಜನರನ್ನು ರೈಲಿನಲ್ಲಿ ತುಂಬಿ ಕೊಲ್ಲಲು ಒಯ್ಯುತ್ತಿದ್ದರು. ತರಗತಿ ಬಹಳ ಹೊತ್ತು ಮಾತಾಡಲಿಲ್ಲ. ಕವಿತೆ ಒಳ್ಳೆಯದು, ಮನುಷ್ಯ ಕೆಟ್ಟವನು ಎಂದು ಎರಡು ಡಬ್ಬಿಗಳಲ್ಲಿಟ್ಟು ಮುಚ್ಚುವ ವಿಮರ್ಶೆ ಈ ಐದು ವರ್ಷಗಳ ದಾರಿಯನ್ನು ತೋರಿಸಲಾರದು. ನ್ಯಾಯವಾದ ಕೋಪವೊಂದು ಯಾವ ತಿಂಗಳಲ್ಲಿ, ಯಾವ ಸಾಲಿನಲ್ಲಿ, ಯಾರ ಹೆಸರನ್ನು ಸೇರಿಸಿಕೊಂಡು ಕೆಡುತ್ತ ಹೋಯಿತೆಂಬುದನ್ನು ಬೆರಳಿಟ್ಟು ತೋರಿಸುವುದೇ ನಮ್ಮ ಕೆಲಸವೆಂದು ನಾನು ನಂಬಿದ್ದೇನೆ.

ಇದೇ ಪಟ್ಟಿಯ ಹಿಂದಿನ ತುದಿಯಲ್ಲಿ ಇನ್ನೊಂದು ಪ್ರಯೋಗ ಮಾಡಿದೆ. 1913ರ ಮಾರ್ಚ್‌ನಲ್ಲಿ ಪೌಂಡ್ ಟ್ಯಾಗೋರರ ಮೇಲೆ ಲೇಖನ ಬರೆಯುತ್ತಾನೆ, ಏಪ್ರಿಲ್‌ನಲ್ಲಿ ಮೆಟ್ರೋ ನಿಲ್ದಾಣದ ಎರಡು ಸಾಲಿನ ಕವಿತೆ ಬರುತ್ತದೆ, ಜೂನ್‌ನಲ್ಲಿ ಕಲ್ಕತ್ತದ ಮಾಡರ್ನ್ ರಿವ್ಯೂ ಪತ್ರಿಕೆಯಲ್ಲಿ ಕಾಳಿಮೋಹನ ಘೋಷರೊಡನೆ ಮಾಡಿದ ಕಬೀರನ ಅನುವಾದಗಳು ಅಚ್ಚಾಗುತ್ತವೆ. ಪೂರ್ವ ಏಷ್ಯಾದ ಕಲೆಯ ಅಮೆರಿಕನ್ ವಿದ್ವಾಂಸ ಫೆನೊಲೋಸಾನ ಟಿಪ್ಪಣಿಗಳ ಮೂಲಕ ಚೀನೀ ಕಾವ್ಯ ಅವನಿಗೆ ದೊರೆಯುವುದು ಇದಾದ ಮೇಲೆ. ಆ ಕಬೀರನನ್ನು ಕನ್ನಡಕ್ಕೆ ತಂದು ರಾಯಚೂರು ಕಡೆಯ ತತ್ವಪದದ ಭಜನಾ ಮೇಳವೊಂದರಲ್ಲಿ ಹಾಡಿಸಲು ಪ್ರಯತ್ನಿಸಿದೆ. ಎರಡು ಪದ್ಯಗಳು ತಾಳಕ್ಕೆ ಕೂತವು, ಉಳಿದವು ಕೂರಲಿಲ್ಲ. ಅದನ್ನು ಪ್ರಬಂಧದಿಂದ ಕೈಬಿಟ್ಟೆ.

ಅಡಿಗರು 1971ರಲ್ಲಿ ಜನಸಂಘದಿಂದ ಚುನಾವಣೆಗೆ ನಿಂತದ್ದನ್ನು ಪೌಂಡ್‌ನ ಪಕ್ಕದಲ್ಲಿಟ್ಟು ಬರೆಯಿರೆಂದು ಕೆಲವರು ಒತ್ತಾಯಿಸಿದರು. ನಾನು ಒಪ್ಪಲಿಲ್ಲ. ಚುನಾವಣೆಗೆ ನಿಲ್ಲುವುದು ಪ್ರಜಾಪ್ರಭುತ್ವದೊಳಗಿನ ನಡೆ. ಯುದ್ಧಕಾಲದಲ್ಲಿ ಫ್ಯಾಸಿಸ್ಟ್ ಸರ್ಕಾರದ ರೇಡಿಯೋದಲ್ಲಿ ದ್ವೇಷ ಬಿತ್ತುವುದು ಅದಕ್ಕೆ ಹೋಲಿಕೆಯೇ ಆಗದು.

ಸದ್ಯ 1949ರ ಚೀಟಿಗಳ ಮೇಲೆ ಕೆಲಸ ಸಾಗಿದೆ. ದೇಶದ್ರೋಹದ ಆರೋಪ ಹೊತ್ತು ವಾಷಿಂಗ್ಟನ್ನಿನ ಮಾನಸಿಕ ಆಸ್ಪತ್ರೆಯಲ್ಲಿದ್ದ ಕವಿಗೆ ಬೋಲಿಂಗೆನ್ ಕಾವ್ಯ ಪ್ರಶಸ್ತಿ ಬಂದ ವರ್ಷವದು. ಬಹುಮಾನ 1,000 ಡಾಲರ್. ಗಲಾಟೆ ಎಷ್ಟಾಯಿತೆಂದರೆ ಲೈಬ್ರರಿ ಆಫ್ ಕಾಂಗ್ರೆಸ್ ಆ ಪ್ರಶಸ್ತಿಯನ್ನೇ ಕೈಬಿಟ್ಟು ಅದು ಯೇಲ್‌ಗೆ ಹೋಯಿತು. ಇದಕ್ಕೆ ಪತ್ರಿಕೆಗಳ ವಾದ-ಪ್ರತಿವಾದಗಳಿಗಾಗಿ ಹಸಿರು ಶಾಯಿಯನ್ನು ಸೇರಿಸಿದ್ದೇನೆ. 1937ರಿಂದ 1945ರವರೆಗಿನ ಚೀಟಿಗಳ ಸ್ಕ್ಯಾನ್ ಸಿದ್ಧವಿದೆ. ಈ ವಿಷಯದಲ್ಲಿ ಕೆಲಸ ಮಾಡುವವರಿಗೆ ಕೊಡುತ್ತೇನೆ, ತಾರೀಖಿಲ್ಲದ ಪತ್ರಗಳ ಕಟ್ಟೊಂದನ್ನು ಬಿಟ್ಟು.